ಕುದುರೆಮುಖದ ಕಾಡುದಾರಿಗೆ ಕಾರಲ್ಲಿ ಹೊರಡುವವರಿಗೆ: ಹಂತ ಹಂತವಾಗಿ ತಯಾರಿ

ಮಳೆ ಸ್ವಲ್ಪ ಹಿಂದೆ ಸರಿದರೆ ಸಾಕು, ಓದುಗರ ಪ್ರಶ್ನೆಗಳು ಶುರುವಾಗುತ್ತವೆ. ಕಾರ್ಕಳದಿಂದ ಕುದುರೆಮುಖದ ಮೇಲೆ ಕಳಸಕ್ಕೆ ಸ್ವಂತ ಕಾರಲ್ಲಿ ಹೋಗಬಹುದಾ? ಪರ್ಮಿಷನ್ ಬೇಕಾ? ಎಲ್ಲೆಲ್ಲಿ ನಿಲ್ಲಿಸಬಹುದು? ಡ್ರೈವಿಂಗ್ ಕಲಿತು ಆರು ತಿಂಗಳಾಯಿತು, ಘಾಟಿ ಹತ್ತಿಸುವ ಧೈರ್ಯ ಮಾಡಲಾ? ಒಬ್ಬೊಬ್ಬರಿಗೇ ಉತ್ತರ ಹೇಳುವ ಬದಲು ಎಲ್ಲವನ್ನೂ ಇಲ್ಲಿ ಬರೆದಿದ್ದೇನೆ.

ಮೊದಲು ಒಂದು ಮಾತು. ಕುದುರೆಮುಖ ರಾಷ್ಟ್ರೀಯ ಉದ್ಯಾನ ಸುಮಾರು 600 ಚದರ ಕಿ.ಮೀ. ಕಾಡು. ಚಿಕ್ಕಮಗಳೂರು, ಉಡುಪಿ, ದಕ್ಷಿಣ ಕನ್ನಡ, ಮೂರು ಜಿಲ್ಲೆಗಳಲ್ಲಿ ಹರಡಿಕೊಂಡಿದೆ. ರಸ್ತೆ ಆ ಕಾಡಿನ ನಡುವೆಯೇ ಹಾದುಹೋಗುತ್ತದೆ. ಹಾಗಾಗಿ ಈ ದಾರಿಯನ್ನು ನಿಧಾನಕ್ಕೆ ಗಾಡಿ ಓಡಿಸುತ್ತಲೇ ನೋಡಬೇಕು. ಚೆಂದ ಕಂಡಲ್ಲೆಲ್ಲ ನಿಲ್ಲಿಸಿ, ಇಳಿದು, ಗುಡ್ಡ ಹತ್ತಿ ಫೋಟೋ ತೆಗೆಯಲು ಇಲ್ಲಿ ಅವಕಾಶ ಇಲ್ಲ. ಇದು ಗೊತ್ತಿಲ್ಲದೆ ಹೋದವರು ಬೇಜಾರು ಮಾಡಿಕೊಂಡು ಬರುತ್ತಾರೆ. ಗೊತ್ತಿದ್ದು ಹೋದರೆ ಇಷ್ಟು ಸುಖದ ದಾರಿ ನಮ್ಮ ರಾಜ್ಯದಲ್ಲಿ ಸಿಗುವುದು ಕಷ್ಟ.

1. ದಾರಿಯ ನಕ್ಷೆ ತಲೆಯಲ್ಲಿ ಇರಲಿ

ಈ ಕಾಡಿಗೆ ಮೂರು ಬಾಗಿಲು ಅಂದುಕೊಳ್ಳಿ. ಕರಾವಳಿ ಕಡೆಯಿಂದ ಕಾರ್ಕಳ, ಬಜಗೋಳಿ ದಾಟಿ ಮಾಳ. ಶೃಂಗೇರಿ ಕಡೆಯಿಂದ ತನಿಕೋಡು, ಕೆರೆಕಟ್ಟೆ. ಕಳಸದ ಕಡೆಯಿಂದ ಸಂಸೆ, ಕುದುರೆಮುಖ ಪೇಟೆ. ಮೂರೂ ದಾರಿ ಕೂಡುವುದು ಎಸ್.ಕೆ. ಬಾರ್ಡರ್‌ನಲ್ಲಿ. ಎಸ್.ಕೆ. ಅಂದರೆ ಸೌತ್ ಕೆನರಾ, ಹಳೆಯ ದಕ್ಷಿಣ ಕನ್ನಡ ಜಿಲ್ಲೆಯ ಗಡಿ. ಹೆಸರು ಇವತ್ತಿಗೂ ಹಾಗೇ ಉಳಿದಿದೆ, ಬಸ್ಸಿನವರೂ ಹಾಗೇ ಕೂಗುತ್ತಾರೆ.

ಮಂಗಳೂರಿನಿಂದ ಕಾರ್ಕಳ, ಮಾಳ, ಎಸ್.ಕೆ. ಬಾರ್ಡರ್ ಮೇಲೆ ಶೃಂಗೇರಿಗೆ ಹೋಗುವುದು ರಾಷ್ಟ್ರೀಯ ಹೆದ್ದಾರಿ 169. ಬಾರ್ಡರ್‌ನಲ್ಲಿ ಕವಲೊಡೆಯುವ ಇನ್ನೊಂದು ರಸ್ತೆ ಕುದುರೆಮುಖ, ಕಳಸ, ಹೊರನಾಡಿಗೆ ಹೋಗುತ್ತದೆ. ಹೊಸಬರು ತಪ್ಪುವುದು ಇಲ್ಲೇ. ಮ್ಯಾಪ್ ನಂಬಿಕೊಂಡು ಬಂದಿರುತ್ತಾರೆ, ಅಷ್ಟೊತ್ತಿಗೆ ಸಿಗ್ನಲ್ ಹೋಗಿರುತ್ತದೆ. ಗೊತ್ತಿಲ್ಲದೆ ಮುಂದೆ ಹೋಗಿ ಕೆರೆಕಟ್ಟೆ ಬಂದ ಮೇಲೆ ಎಚ್ಚರವಾಗುತ್ತದೆ. ಬಾರ್ಡರ್‌ನಲ್ಲಿ ಬೋರ್ಡ್ ಓದಿ. ಅನುಮಾನ ಬಂದರೆ ಅಲ್ಲಿದ್ದವರನ್ನು ಕೇಳಿ.

ಕಾರ್ಕಳದಿಂದ ಕಳಸಕ್ಕೆ 70 ಕಿ.ಮೀ. ಆಸುಪಾಸು. ಬಯಲುಸೀಮೆ ಲೆಕ್ಕದಲ್ಲಿ ಗಂಟೆ ಒಂದೂಕಾಲು ಅನ್ನಿಸಬಹುದು. ಆ ಲೆಕ್ಕ ಬಿಡಿ. ಎಲ್ಲೂ ನಿಲ್ಲದೆ ಹೋದರೂ ಎರಡರಿಂದ ಎರಡೂವರೆ ಗಂಟೆ ಬೇಕು. ನೋಡಿಕೊಂಡು ಹೋಗುವವರು ಅರ್ಧ ದಿನ ತೆಗೆದಿಡಿ.

2. ತಿಂಗಳು ಆರಿಸಿ

ನನ್ನನ್ನು ಕೇಳಿದರೆ ಅಕ್ಟೋಬರ್ ಕೊನೆಯಿಂದ ಡಿಸೆಂಬರ್ ಮಧ್ಯದವರೆಗೆ. ಮಳೆ ಇಳಿದಿರುತ್ತದೆ, ಹಳ್ಳಗಳಲ್ಲಿ ನೀರು ಇರುತ್ತದೆ, ಗುಡ್ಡದ ಹುಲ್ಲು ಇನ್ನೂ ಹಸಿರು. ಜನವರಿ, ಫೆಬ್ರವರಿಯಲ್ಲಿ ಆಕಾಶ ನಿಚ್ಚಳ, ಬೆಳಗ್ಗೆ ಚಳಿ, ಆದರೆ ಹುಲ್ಲು ಒಣಗಿ ಕಂದು ಬಣ್ಣಕ್ಕೆ ತಿರುಗಲು ಶುರುವಾಗಿರುತ್ತದೆ. ಮಾರ್ಚ್, ಏಪ್ರಿಲ್‌ನಲ್ಲಿ ಆ ಒಣ ಹುಲ್ಲಿಗೆ ಬೆಂಕಿ ಬೀಳುವ ಭಯ. ಆಗ ಅರಣ್ಯ ಇಲಾಖೆ ಕೆಲವು ಜಾಗಗಳಿಗೆ ಪ್ರವೇಶ ನಿಲ್ಲಿಸುವುದುಂಟು.

ಜೂನ್‌ನಿಂದ ಸೆಪ್ಟೆಂಬರ್? ಮಳೆಗಾಲದ ಕುದುರೆಮುಖ ಎಷ್ಟು ಚೆಂದ ಅಂತ ವಿಡಿಯೋ ನೋಡಿ ಆಸೆಪಡುವವರು ತುಂಬಾ ಜನ. ಚೆಂದ ಹೌದು. ಆದರೆ ದೇಶದಲ್ಲಿ ಅತಿ ಜಾಸ್ತಿ ಮಳೆ ಸುರಿಯುವ ಜಾಗಗಳಲ್ಲಿ ಇದೂ ಒಂದು. ಮರ ಬೀಳುತ್ತದೆ, ಧರೆ ಕುಸಿಯುತ್ತದೆ, ಮಧ್ಯಾಹ್ನ 12 ಗಂಟೆಗೂ ಎದುರಿನ ಗಾಡಿ ಕಾಣದಷ್ಟು ಮಂಜು ಕವಿಯುತ್ತದೆ. ಘಾಟಿ ಅಭ್ಯಾಸ ಇಲ್ಲದವರು ಜುಲೈ, ಆಗಸ್ಟ್‌ನಲ್ಲಿ ಸ್ವತಃ ಗಾಡಿ ಓಡಿಸಬೇಡಿ. ಅಷ್ಟೂ ಆಸೆ ಇದ್ದರೆ ಬಸ್ಸಲ್ಲಿ ಕಿಟಕಿ ಪಕ್ಕ ಕೂತು ಹೋಗಿ. ಆ ಡ್ರೈವರುಗಳಿಗೆ ಒಂದೊಂದು ತಿರುವೂ ಕೈಯಲ್ಲೇ ಇರುತ್ತದೆ.

ವಾರದ ಮಧ್ಯೆ ಹೋಗಲು ಆದರೆ ಹೋಗಿ. ಉದ್ದ ರಜೆ ಬಂದರೆ ಹೊರನಾಡು, ಶೃಂಗೇರಿಗೆ ಹೋಗುವ ಗಾಡಿಗಳೆಲ್ಲ ಇದೇ ರಸ್ತೆಗೆ ಬರುತ್ತವೆ.

3. ಯಾವ ಕಡೆಯಿಂದ ಹೊರಡಬೇಕು

ಕರಾವಳಿಯವರಿಗೆ ಸುಲಭ. ಕಾರ್ಕಳದಲ್ಲಿ ಬೆಳಗ್ಗೆ ತಿಂಡಿ ಮುಗಿಸಿ ಘಾಟಿ ಹತ್ತಿ, ಕಳಸದಲ್ಲಿ ಉಳಿಯಿರಿ. ಹತ್ತುವ ದಾರಿಯಲ್ಲಿ ಬ್ರೇಕಿಗೆ ಕೆಲಸ ಕಡಿಮೆ. ಹೊಸಬರಿಗೆ ಧೈರ್ಯ ಬರುವುದೂ ಹತ್ತುವಾಗಲೇ.

ಬೆಂಗಳೂರಿನಿಂದ ಬರುವವರಿಗೆ ಕಳಸವೇ 300 ಕಿ.ಮೀ.ಗಿಂತ ಜಾಸ್ತಿ. ಹಾಸನ, ಬೇಲೂರು, ಮೂಡಿಗೆರೆ, ಕೊಟ್ಟಿಗೆಹಾರದ ಮೇಲೆ ಬಂದು ಸೇರುವಾಗ ಸಂಜೆಯಾಗಿರುತ್ತದೆ. ಆ ಸುಸ್ತಿನಲ್ಲಿ, ಅದೇ ದಿನ, ಕಾಡೊಳಗೆ ಹೋಗಬೇಡಿ. ನೀವು ನೋಡಬೇಕಾದ್ದೆಲ್ಲ ಕತ್ತಲಲ್ಲಿ ಹಿಂದೆ ಹೋಗುತ್ತದೆ. ಕಳಸದಲ್ಲೋ ಹೊರನಾಡಿನಲ್ಲೋ ಮಲಗಿ, ಬೆಳಗ್ಗೆ ಎದ್ದು ಹೊರಡಿ.

ಘಾಟಿ ಇಳಿಯುವ ಭಯ ಇರುವವರಿಗೆ ಒಂದು ಉಪಾಯ. ಕಳಸದಿಂದ ಕುದುರೆಮುಖ, ಎಸ್.ಕೆ. ಬಾರ್ಡರ್, ಕೆರೆಕಟ್ಟೆ, ಶೃಂಗೇರಿ. ಹೀಗೆ ಹೋದರೆ ಮಾಳದ ಕಡೆಯ ಕಡಿದಾದ ಇಳಿಜಾರು ತಪ್ಪುತ್ತದೆ, ಕಾಡಿನ ಒಳ್ಳೆಯ ಭಾಗವೂ ಸಿಗುತ್ತದೆ. ಡ್ರೈವಿಂಗ್ ಕಲಿತು ಆರು ತಿಂಗಳಾದವರಿಗೆ ನಾನು ಹೇಳುವುದು ಇದನ್ನೇ.

4. ಗಾಡಿ ತಯಾರಿ

ಹೊರಡುವ ಹಿಂದಿನ ದಿನ ಟಯರ್ ನೋಡಿ. ಗಾಳಿ ಮಾತ್ರ ನೋಡಿದರೆ ಸಾಲದು, ಗುಂಡಿಗಳು, ಅಂದರೆ ರಬ್ಬರಿನ ಮೇಲಿನ ಕಚ್ಚುಗಳು, ಸವೆದಿವೆಯಾ ನೋಡಿ. ಒದ್ದೆ ರಸ್ತೆಯಲ್ಲಿ ನೀರನ್ನು ಪಕ್ಕಕ್ಕೆ ತಳ್ಳುವುದು ಆ ಕಚ್ಚುಗಳೇ. ಸ್ಟೆಪ್ನಿಯಲ್ಲಿ ಗಾಳಿ ಇದೆಯಾ, ಜಾಕ್ ಗಾಡಿಯಲ್ಲೇ ಇದೆಯಾ, ಇದನ್ನು ಮರೆಯುವವರೇ ಜಾಸ್ತಿ. ಬ್ರೇಕ್ ಪ್ಯಾಡ್, ಕೂಲಂಟ್, ವೈಪರ್ ಬ್ಲೇಡ್ ಮೆಕ್ಯಾನಿಕ್‌ಗೆ ತೋರಿಸಿ. ಹಿಂದಿನ ಲೈಟುಗಳೆಲ್ಲ ಉರಿಯುತ್ತಿರಬೇಕು. ಮಂಜಿನಲ್ಲಿ ನಿಮ್ಮ ಹಿಂದೆ ಬರುವವರಿಗೆ ನೀವು ಕಾಣುವುದು ಅದರಿಂದಲೇ.

ಪೆಟ್ರೋಲ್, ಡೀಸೆಲ್ ಕಾರ್ಕಳ, ಶೃಂಗೇರಿ ಅಥವಾ ಕಳಸದಲ್ಲೇ ತುಂಬಿಸಿ. ನಡುವೆ ಸಿಗುತ್ತದೆ ಅನ್ನುವ ಭರವಸೆ ಇಟ್ಟುಕೊಳ್ಳಬೇಡಿ.

ಎಲೆಕ್ಟ್ರಿಕ್ ಕಾರಿನವರು ಇತ್ತೀಚೆಗೆ ತುಂಬಾ ಕೇಳುತ್ತಾರೆ. ಹತ್ತುವಾಗ ಬ್ಯಾಟರಿ ಬಯಲಿಗಿಂತ ಬೇಗ ಇಳಿಯುತ್ತದೆ. ಇಳಿಯುವಾಗ ಒಂದಷ್ಟು ವಾಪಸ್ ಬರುತ್ತದೆ, ಏಕೆಂದರೆ ಕಾಲು ತೆಗೆದಾಗ ಮೋಟಾರೇ ಗಾಡಿಯನ್ನು ಹಿಡಿದು ಕರೆಂಟ್ ಮಾಡುತ್ತದೆ. ಆದರೆ ಬ್ಯಾಟರಿ ಪೂರ್ತಿ ತುಂಬಿದ್ದರೆ ಆ ಹಿಡಿತ ಕಡಿಮೆಯಾಗುತ್ತದೆ. ಹಾಗಾಗಿ ಮೇಲಿನಿಂದ ಇಳಿಯಲು ಶುರು ಮಾಡುವಾಗ ನೂರಕ್ಕೆ ನೂರು ಚಾರ್ಜ್ ಇಲ್ಲದಿದ್ದರೆ ಒಳ್ಳೆಯದು.

5. ಜೊತೆಗೆ ಇರಬೇಕಾದ್ದು

ಮೊಬೈಲಲ್ಲಿ ಆ ಭಾಗದ ಮ್ಯಾಪ್ ಮೊದಲೇ ಡೌನ್‌ಲೋಡ್ ಮಾಡಿಕೊಳ್ಳಿ. ಚಿಲ್ಲರೆ ದುಡ್ಡು ಇಟ್ಟುಕೊಳ್ಳಿ. ಸಿಗ್ನಲ್ ಇಲ್ಲದ ಕಡೆ ಫೋನ್‌ಪೇ, ಗೂಗಲ್‌ಪೇ ಕೆಲಸಕ್ಕೆ ಬರುವುದಿಲ್ಲ, ಜಲಪಾತದ ಟಿಕೆಟ್‌ಗೆ ನೋಟು ಬೇಕು. ಸ್ಟೀಲ್ ಬಾಟಲಿಯಲ್ಲಿ ನೀರು, ಒಂದು ಟಾರ್ಚ್, ಒಂದು ಹಳೆ ಟವೆಲ್ (ಒಳಗಿನಿಂದ ಗಾಜು ಮಬ್ಬಾದಾಗ ಒರೆಸಲು), ಗಾಡಿಯ ದಾಖಲೆ, ಕಸ ಹಾಕಲು ಒಂದು ಚೀಲ. ವಾಂತಿಯಾಗುವವರು ಮಾತ್ರೆಯನ್ನು ಘಾಟಿ ಶುರುವಾಗುವ ಅರ್ಧ ಗಂಟೆ ಮೊದಲೇ ತೆಗೆದುಕೊಳ್ಳಿ. ತಿರುವು ಶುರುವಾದ ಮೇಲೆ ನುಂಗಿದರೆ ಉಪಯೋಗ ಇಲ್ಲ.

ಅಕ್ಟೋಬರ್‌ನಲ್ಲೂ ನೆಲ ಒದ್ದೆ ಇದ್ದಲ್ಲಿ ಇಂಬಳ ಇರುತ್ತದೆ. ಇಂಬಳ ಅಂದರೆ ಕಾಲಿಗೆ ಹತ್ತಿ ರಕ್ತ ಹೀರುವ ಸಣ್ಣ ಜಿಗಣೆ. ಕಚ್ಚಿದ್ದು ಗೊತ್ತೇ ಆಗುವುದಿಲ್ಲ, ಸಾಕ್ಸ್ ಒದ್ದೆಯಾದ ಹಾಗೆ ಅನ್ನಿಸಿ ನೋಡಿದಾಗ ಕೆಂಪಾಗಿರುತ್ತದೆ. ಕಿತ್ತು ಎಳೆಯಬೇಡಿ. ಉಗುರಿನ ತುದಿಯಿಂದ ಅದರ ಬಾಯಿಯ ಹತ್ತಿರ ಪಕ್ಕಕ್ಕೆ ತಳ್ಳಿದರೆ ಬಿಡುತ್ತದೆ. ರಕ್ತ ಸ್ವಲ್ಪ ಹೊತ್ತು ನಿಲ್ಲುವುದಿಲ್ಲ, ಗಾಬರಿ ಬೇಡ, ತೊಳೆದು ಬಟ್ಟೆ ಒತ್ತಿ ಹಿಡಿಯಿರಿ.

6. ಪರ್ಮಿಷನ್ ಮತ್ತು ಚೆಕ್‌ಪೋಸ್ಟ್

ಬರೀ ರಸ್ತೆಯಲ್ಲಿ ಹಾದುಹೋಗಲು ಮುಂಚೆಯೇ ಪರ್ಮಿಷನ್ ಮಾಡಿಸಬೇಕಿಲ್ಲ. ಅರಣ್ಯ ಇಲಾಖೆಯ ಚೆಕ್‌ಪೋಸ್ಟ್‌ನಲ್ಲಿ ಗಾಡಿ ನಂಬರ್ ಬರೆದುಕೊಳ್ಳುತ್ತಾರೆ. ಒಳಗೆ ಬಂದ ಹೊತ್ತು ಬರೆದ ಚೀಟಿ ಕೊಟ್ಟರೆ ಅದನ್ನು ಜೋಪಾನ ಮಾಡಿ, ಇನ್ನೊಂದು ತುದಿಯ ಚೆಕ್‌ಪೋಸ್ಟ್‌ನಲ್ಲಿ ಕೇಳುತ್ತಾರೆ. ಹೇಳಿದ ಹೊತ್ತಿನೊಳಗೆ ದಾಟದಿದ್ದರೆ ಯಾಕೆ ತಡ ಅಂತ ವಿಚಾರಣೆ ಆಗುತ್ತದೆ, ದಂಡವೂ ಬೀಳಬಹುದು. ಜಲಪಾತ ನೋಡಿಕೊಂಡು ಬರುತ್ತೇವೆ ಅಂತ ಒಳಗೆ ಹೋಗುವಾಗಲೇ ಹೇಳಿಬಿಡಿ, ಎಷ್ಟು ಸಮಯ ಸಿಗುತ್ತದೆ ಕೇಳಿಕೊಳ್ಳಿ. ರಸ್ತೆಯಲ್ಲಿ ಮರ ಬಿದ್ದಿದೆಯಾ, ಜಲಪಾತ ತೆರೆದಿದೆಯಾ ಅನ್ನುವುದೂ ಅವರಿಗೇ ಸರಿಯಾಗಿ ಗೊತ್ತಿರುತ್ತದೆ.

ಮದ್ಯ, ಪ್ಲಾಸ್ಟಿಕ್ ಇಟ್ಟುಕೊಂಡು ಬರಬೇಡಿ.

ಕುದುರೆಮುಖ ಶಿಖರದ ಚಾರಣ ಬೇರೆಯೇ ವಿಷಯ. ಅದಕ್ಕೆ ಇಲಾಖೆಯ ಅರಣ್ಯ ವಿಹಾರ ವೆಬ್‌ಸೈಟ್‌ನಲ್ಲಿ ಮೊದಲೇ ಬುಕ್ ಮಾಡಬೇಕು, ದಿನಕ್ಕೆ ಇಷ್ಟೇ ಜನ ಅನ್ನುವ ಮಿತಿ ಇದೆ. ಡ್ರೈವ್ ಮಧ್ಯೆ ಹಾಗೇ ಒಂದು ಟ್ರೆಕ್ ಮಾಡಿಬಿಡೋಣ ಅನ್ನುವುದು ನಡೆಯುವುದಿಲ್ಲ.

7. ಘಾಟಿ ಓಡಿಸುವ ರೀತಿ

ಇದನ್ನು ಓದದೆ ಮುಂದೆ ಹೋಗಬೇಡಿ, ದಯವಿಟ್ಟು.

ಹತ್ತುವಾಗ ಸರಳ. ಎಂಜಿನ್ ತಿಣುಕುವ ಮೊದಲೇ ಗೇರ್ ಇಳಿಸಿ. ತಿರುವಿಗೆ ಮುಂಚೆ ಒಂದು ಹಾರ್ನ್, ಅದೂ ಸಣ್ಣದು. ನಿಮ್ಮ ಎಡಗಡೆಯೇ ಇರಿ. ಎದುರಿನಿಂದ ಬರುವ ಬಸ್ಸು ತಿರುವಿನಲ್ಲಿ ಪೂರ್ತಿ ರಸ್ತೆ ತೆಗೆದುಕೊಳ್ಳುತ್ತದೆ, ಅದಕ್ಕೆ ಬೇರೆ ದಾರಿ ಇಲ್ಲ. ಹಾಗಾಗಿ ಬಸ್ಸು ಕಂಡರೆ ತಿರುವಿಗೆ ಮುಂಚೆಯೇ ನಿಂತು ಬಿಡಿ. ರಸ್ತೆ ಕಿರಿದಾಗಿ ಇಬ್ಬರಿಗೂ ಜಾಗ ಇಲ್ಲದಿದ್ದಾಗ ಇಳಿಯುವವರು ನಿಂತು, ಹತ್ತುವವರಿಗೆ ದಾರಿ ಕೊಡಬೇಕು. ಇದು ಬರೀ ಮರ್ಯಾದೆ ಅಲ್ಲ, ನಿಯಮವೇ ಹಾಗಿದೆ.

ಅಪಾಯ ಇರುವುದು ಇಳಿಯುವಾಗ. ಎಸ್.ಕೆ. ಬಾರ್ಡರ್‌ನಿಂದ ಮಾಳಕ್ಕೆ ಇಳಿಯುವಾಗ ಹೊಸಬರು ಬ್ರೇಕ್ ಮೇಲೆ ಕಾಲಿಟ್ಟವರು ತೆಗೆಯುವುದೇ ಇಲ್ಲ. ಬ್ರೇಕ್ ಕಾಯುತ್ತದೆ. ಕಾದಷ್ಟೂ ಅದರ ಹಿಡಿತ ಸಡಿಲವಾಗುತ್ತದೆ. ಮೆಕ್ಯಾನಿಕ್‌ಗಳು ಇದನ್ನು ಬ್ರೇಕ್ ಫೇಡ್ ಅನ್ನುತ್ತಾರೆ. ಮೊದಲು ಒಂದು ಸುಟ್ಟ ವಾಸನೆ ಬರುತ್ತದೆ, ಆಮೇಲೆ ಪೆಡಲ್ ಮೆತ್ತಗಾದ ಹಾಗೆ ಅನ್ನಿಸುತ್ತದೆ. ವಾಸನೆ ಬಂದಾಗಲೇ ಎಚ್ಚರವಾಗಬೇಕು.

ಆ ಸ್ಥಿತಿಗೆ ಹೋಗದಿರಲು ದಾರಿ ಒಂದೇ, ಎಂಜಿನ್ ಬ್ರೇಕಿಂಗ್. ಅಂದರೆ ಗಾಡಿಯನ್ನು ಹಿಡಿಯುವ ಕೆಲಸವನ್ನು ಕಡಿಮೆ ಗೇರಿಗೆ ಬಿಡುವುದು. ಯಾವ ಗೇರಿನಲ್ಲಿ ಹತ್ತುತ್ತೀರೋ ಅದೇ ಗೇರಿನಲ್ಲಿ ಇಳಿಯಿರಿ. ಎರಡನೇ ಗೇರಿಗೆ ಹಾಕಿ ಆಕ್ಸಿಲರೇಟರ್ ಬಿಟ್ಟರೆ ಎಂಜಿನ್ ಗುಂಯ್ ಅನ್ನುತ್ತದೆ, ಗಾಡಿ ತಾನಾಗಿ ತಡೆದುಕೊಂಡು ಇಳಿಯುತ್ತದೆ. ಆ ಸದ್ದಿಗೆ ಹೆದರಬೇಡಿ, ಎಂಜಿನ್‌ಗೆ ಏನೂ ಆಗುವುದಿಲ್ಲ. ತಿರುವು ಬಂದಾಗ ಬ್ರೇಕ್ ಗಟ್ಟಿಯಾಗಿ ಒಮ್ಮೆ ಒತ್ತಿ, ವೇಗ ಇಳಿಸಿ, ಕಾಲು ಪೂರ್ತಿ ತೆಗೆಯಿರಿ. ಆಟೋಮ್ಯಾಟಿಕ್ ಗಾಡಿಯವರು ಡಿ ಒಂದರಲ್ಲೇ ಬಿಟ್ಟು ಇಳಿಯಬೇಡಿ. ಎಲ್, ಎಸ್ ಅಥವಾ ಎಂ ಇದ್ದರೆ ಅದಕ್ಕೆ ಹಾಕಿ. ಮನೆಯಲ್ಲೇ ಮ್ಯಾನುಯಲ್ ತೆಗೆದು ನಿಮ್ಮ ಗಾಡಿಯಲ್ಲಿ ಅದು ಎಲ್ಲಿದೆ ನೋಡಿಕೊಂಡು ಬನ್ನಿ.

ಪೆಟ್ರೋಲ್ ಉಳಿಯುತ್ತದೆ ಅಂತ ನ್ಯೂಟ್ರಲ್‌ಗೆ ಹಾಕಿ ಇಳಿಯುವ ಅಭ್ಯಾಸ ಇದ್ದರೆ ಇವತ್ತೇ ಬಿಡಿ. ನ್ಯೂಟ್ರಲ್‌ನಲ್ಲಿ ಗಾಡಿಯನ್ನು ಹಿಡಿಯಲು ಬ್ರೇಕ್ ಬಿಟ್ಟರೆ ಯಾರೂ ಇಲ್ಲ. ಎಂಜಿನ್ ಆಫ್ ಮಾಡಿದರಂತೂ ಬ್ರೇಕೂ ಸ್ಟೀರಿಂಗೂ ಕಲ್ಲಾಗುತ್ತವೆ.

ವಾಸನೆ ಬಂದೇಬಿಟ್ಟರೆ? ಅಗಲವಾದ, ಎರಡೂ ಕಡೆಯವರಿಗೆ ಕಾಣುವ ಜಾಗದಲ್ಲಿ ಪಕ್ಕಕ್ಕೆ ನಿಲ್ಲಿಸಿ, ಹಜಾರ್ಡ್ ಲೈಟ್ ಹಾಕಿ, 20–30 ನಿಮಿಷ ಆರಲು ಬಿಡಿ. ಚಕ್ರಕ್ಕೆ ನೀರು ಹೊಯ್ಯಬೇಡಿ. ಕಾದ ಡಿಸ್ಕ್ ಮೇಲೆ ತಣ್ಣೀರು ಬಿದ್ದರೆ ಸೊಟ್ಟಗಾಗುತ್ತದೆ.

ಮಂಜು ಕವಿದರೆ ಲೋ ಬೀಮ್, ಅಂದರೆ ಕೆಳಗೆ ಬೀಳುವ ಲೈಟ್ ಹಾಕಿ. ಹೈ ಬೀಮ್ ಹಾಕಿದರೆ ಬೆಳಕು ಮಂಜಿಗೆ ಬಡಿದು ನಿಮ್ಮ ಕಣ್ಣಿಗೇ ವಾಪಸ್ ಬರುತ್ತದೆ, ಎದುರು ಬಿಳಿ ಬಟ್ಟೆ ಕಟ್ಟಿದ ಹಾಗೆ. ಎಡಗಡೆಯ ರಸ್ತೆ ಅಂಚನ್ನು ನೋಡಿಕೊಂಡು ನಿಧಾನ ಹೋಗಿ. ಹಜಾರ್ಡ್ ಲೈಟ್ ಹಾಕಿಕೊಂಡು ಓಡಿಸುವುದು ತಪ್ಪು. ನೀವು ನಿಂತಿದ್ದೀರೋ ತಿರುಗುತ್ತಿದ್ದೀರೋ ಹಿಂದಿನವರಿಗೆ ಗೊತ್ತಾಗುವುದಿಲ್ಲ.

8. ಏನು ನೋಡಬೇಕು, ಎಲ್ಲಿ ಇಳಿಯಬೇಕು

ಮಾಳ ಚೆಕ್‌ಪೋಸ್ಟ್ ದಾಟಿ ಹತ್ತಲು ಶುರು ಮಾಡಿದಾಗ ಎರಡೂ ಕಡೆ ದಟ್ಟ ಕಾಡು, ಬಿಸಿಲು ನೆಲಕ್ಕೆ ಬೀಳುವುದಿಲ್ಲ. ಇಲ್ಲಿ ಕಿಟಕಿ ಇಳಿಸಿ, ಎಸಿ, ಹಾಡು ಎರಡೂ ಬಂದ್ ಮಾಡಿ. ಮನುಷ್ಯರು ಯಾರೋ ಸುಮ್ನೆ ರಾಗ ಎಳೆದ ಹಾಗೆ ಶಿಳ್ಳೆ ಕೇಳಿದರೆ ಅದು ಹಕ್ಕಿ. ಕಡುನೀಲಿ ಬಣ್ಣದ್ದು, ಹಳ್ಳಗಳ ಪಕ್ಕ ಇರುತ್ತದೆ.

ಮೇಲೆ ಹೋದ ಹಾಗೆ ಕಾಡು ತೆರೆದುಕೊಳ್ಳುತ್ತದೆ. ಒಂದರ ಹಿಂದೆ ಒಂದು ಬೋಳು ಗುಡ್ಡ, ಮೈತುಂಬ ಹುಲ್ಲು. ಗುಡ್ಡ ಗುಡ್ಡಗಳ ಮಡಿಕೆಯಲ್ಲಿ ಮಾತ್ರ ಕಪ್ಪಗೆ ಮರಗಳ ಗುಂಪು. ಆ ಮಡಿಕೆಯ ಕಾಡಿಗೆ ಶೋಲಾ ಅನ್ನುತ್ತಾರೆ. ಮರ ಕಡಿದು ಗುಡ್ಡ ಬೋಳಾಗಿದೆ ಅಂತ ತುಂಬಾ ಜನ ತಿಳಿಯುತ್ತಾರೆ. ಹಾಗಲ್ಲ, ಈ ಹುಲ್ಲುಗಾವಲು ಇಲ್ಲಿಯ ಸಹಜ ರೂಪವೇ. ಸುರಿದ ಮಳೆಯನ್ನು ಹುಲ್ಲೂ ಶೋಲಾವೂ ಹಿಡಿದಿಟ್ಟು ಮೆಲ್ಲಗೆ ಬಿಡುತ್ತವೆ. ತುಂಗಾ, ಭದ್ರಾ, ನೇತ್ರಾವತಿ ಮೂರೂ ಹುಟ್ಟುವ ಗಂಗಾಮೂಲ ಇದೇ ಕಾಡಿನೊಳಗೆ ಇದೆ. ಅಲ್ಲಿಗೆ ಸುಮ್ಮನೆ ನಡೆದು ಹೋಗಲು ಬಿಡುವುದಿಲ್ಲ, ಕೇಳದೆ ನುಗ್ಗಬೇಡಿ.

ಎಸ್.ಕೆ. ಬಾರ್ಡರ್‌ನಿಂದ ಕುದುರೆಮುಖದ ಕಡೆ ತಿರುಗಿದ ಮೇಲೆ ಹನುಮನಗುಂಡಿ ಜಲಪಾತ. ಸೂತನಬ್ಬಿ ಅಂತಲೂ ಹೆಸರು. ಇಲ್ಲಿ ಗಾಡಿ ನಿಲ್ಲಿಸಲು ಜಾಗ ಇದೆ, ಟಿಕೆಟ್ ಇದೆ, ಕೆಳಗೆ ಇಳಿಯಲು ಮೆಟ್ಟಿಲು ಇವೆ. ಮೆಟ್ಟಿಲು ನೂರಾರು. ಇಳಿಯುವಾಗ ಸುಲಭ ಅನ್ನಿಸುತ್ತದೆ, ವಾಪಸ್ ಹತ್ತುವಾಗ ಮೊಣಕಾಲು ನೋವಿರುವವರಿಗೆ ಕಷ್ಟ. ಅಜ್ಜ ಅಜ್ಜಿ ಜೊತೆಗಿದ್ದರೆ ಮೊದಲೇ ಹೇಳಿಬಿಡಿ. ಪಾಚಿ ಕಟ್ಟಿದ ಕಲ್ಲಿನ ಮೇಲೆ ಕಾಲಿಡಬೇಡಿ, ಬೇಲಿ ದಾಟಿ ನೀರಿಗೆ ಇಳಿಯಬೇಡಿ. ಮೇಲೆ ಮಳೆ ಬಿದ್ದರೆ ಇಲ್ಲಿ ಬಿಸಿಲಿದ್ದರೂ ನೀರು ಏರುತ್ತದೆ.

ಮುಂದೆ ಕದಂಬಿ ಜಲಪಾತ, ರಸ್ತೆಗೆ ಅಂಟಿಕೊಂಡೇ ಇದೆ. ಚಿಕ್ಕದು. ಗಾಡಿಯಲ್ಲೇ ಕೂತು ನಿಧಾನ ದಾಟಿದರೂ ಪೂರ್ತಿ ಕಾಣುತ್ತದೆ. ಅಲ್ಲಿಯ ಸಿಬ್ಬಂದಿ ನಿಲ್ಲಬೇಡಿ ಅಂದರೆ ವಾದ ಮಾಡದೆ ಮುಂದೆ ಹೋಗಿ.

ಆಮೇಲೆ ಕುದುರೆಮುಖ ಪೇಟೆ. ಇಲ್ಲಿ ಕಬ್ಬಿಣದ ಅದಿರು ತೆಗೆಯುತ್ತಿದ್ದರು. ಪುಡಿ ಮಾಡಿದ ಅದಿರನ್ನು ನೀರಿನ ಜೊತೆ ಕಲಸಿ 67 ಕಿ.ಮೀ. ಪೈಪಿನಲ್ಲಿ ಮಂಗಳೂರಿಗೆ ಕಳಿಸುತ್ತಿದ್ದರು. ಸುಪ್ರೀಂ ಕೋರ್ಟ್ ಆದೇಶದಂತೆ 2005ರ ಕೊನೆಗೆ ಗಣಿ ನಿಂತಿತು. ಖಾಲಿ ಮನೆಗಳ ಸಾಲು, ಅಗಲ ರಸ್ತೆ, ಬೆಳೆದುಕೊಂಡ ಹುಲ್ಲು. ಮಕ್ಕಳಿಗೆ ಈ ಕತೆ ಹೇಳುತ್ತಾ ದಾಟಿ. ಒಂದು ಕಡೆ ಕೆತ್ತಿದ ಗುಡ್ಡ, ಪಕ್ಕದಲ್ಲೇ ಮುಟ್ಟದೆ ಬಿಟ್ಟ ಗುಡ್ಡ, ವ್ಯತ್ಯಾಸ ಅವರಿಗೇ ಕಾಣುತ್ತದೆ.

ಇಲ್ಲಿಂದ ಕಳಸದವರೆಗೆ ಭದ್ರೆಯ ಜೊತೆ. ಸಂಸೆಯ ಹತ್ತಿರ ಟೀ ತೋಟ. ತೋಟ ಖಾಸಗಿಯವರದ್ದು, ಫೋಟೋಗೆ ಅಂತ ಗಿಡದ ಸಾಲಿನೊಳಗೆ ನುಗ್ಗುವ ಮೊದಲು ಕೇಳಿ.

9. ಪ್ರಾಣಿ ಎದುರಾದರೆ

ಈ ಕಾಡನ್ನು 1987ರಲ್ಲಿ ರಾಷ್ಟ್ರೀಯ ಉದ್ಯಾನ ಎಂದು ಪ್ರಕಟಿಸಲು ಒಂದು ದೊಡ್ಡ ಕಾರಣ ಸಿಂಗಳೀಕ. ಕಪ್ಪು ಮೈ, ಮುಖದ ಸುತ್ತ ಬೂದು ಬಣ್ಣದ ಕೇಸರ, ಬಾಲದ ತುದಿಯಲ್ಲಿ ಸಿಂಹದ ಹಾಗೆ ಕುಚ್ಚು. ಪಶ್ಚಿಮ ಘಟ್ಟ ಬಿಟ್ಟರೆ ಜಗತ್ತಿನ ಯಾವ ಕಾಡಿನಲ್ಲೂ ಇಲ್ಲ. ಮರದ ಮೇಲೇ ಬದುಕುವ ಪ್ರಾಣಿ. ರಸ್ತೆ ಬದಿಯಲ್ಲಿ ಕೈಚಾಚಿ ಕೂರುವುದು ಸಾಮಾನ್ಯವಾಗಿ ಬೇರೆ ಮಂಗ.

ಯಾವುದಕ್ಕೂ ತಿನ್ನಲು ಕೊಡಬೇಡಿ. ಒಂದು ಬಿಸ್ಕೆಟ್‌ನಿಂದ ಏನಾಗುತ್ತದೆ ಅಂತ ಕೇಳುತ್ತೀರಿ. ಒಂದು ಮರಿ ರಸ್ತೆಗೆ ಇಳಿಯಲು ಕಲಿಯುತ್ತದೆ. ಮುಂದಿನ ಗಾಡಿಯ ಸದ್ದಿಗೆ ಓಡಿ ಹೋಗುವ ಬದಲು ಹತ್ತಿರ ಬರುತ್ತದೆ. ನಿಮ್ಮ ಹಿಂದಿನ ಗಾಡಿಯವರು ನಿಧಾನ ಬರುತ್ತಾರೆ ಅನ್ನುವ ಖಾತ್ರಿ ಇಲ್ಲ ಅಲ್ವಾ?

ಕಾಟಿ, ಅಂದರೆ ಕಾಡುಕೋಣ, ರಸ್ತೆಯಲ್ಲಿ ನಿಂತಿದ್ದರೆ ದೂರದಲ್ಲೇ ನಿಲ್ಲಿಸಿ, ಹಾರ್ನ್ ಬೇಡ, ಫ್ಲ್ಯಾಶ್ ಬೇಡ, ಇಳಿಯುವುದಂತೂ ಬೇಡವೇ ಬೇಡ. ಒಂದು ದಾಟಿದ ತಕ್ಷಣ ಹೊರಡಬೇಡಿ. ಹಿಂದೆ ಕರು ಇರಬಹುದು.

10. ಗಾಡಿ ಕೆಟ್ಟು ನಿಂತರೆ

ತಿರುವಿನಲ್ಲಿ ಇದ್ದರೆ ತಳ್ಳಿಯಾದರೂ ನೇರ ರಸ್ತೆಗೆ ತನ್ನಿ. ಎರಡೂ ಕಡೆ ಸ್ವಲ್ಪ ದೂರದಲ್ಲಿ ಗುರುತು ಇಡಿ. ತ್ರಿಕೋನದ ಬೋರ್ಡ್ ಇಲ್ಲದಿದ್ದರೆ ಸೊಪ್ಪಿನ ಕೊಂಬೆ ಸಾಕು, ಬಿದ್ದದ್ದನ್ನೇ ತನ್ನಿ, ಮುರಿಯಬೇಡಿ. ಚಕ್ರಕ್ಕೆ ಕೊಟ್ಟ ಕಲ್ಲನ್ನು ಹೊರಡುವಾಗ ರಸ್ತೆಯಿಂದ ತೆಗೆಯಿರಿ. ಸಿಗ್ನಲ್ ಇಲ್ಲದಿದ್ದರೆ ಹಾದುಹೋಗುವ ಬಸ್ಸಿನ ಕಂಡಕ್ಟರ್‌ಗೆ ಹೇಳಿ, ಮುಂದಿನ ಚೆಕ್‌ಪೋಸ್ಟ್‌ಗೆ ಸುದ್ದಿ ಮುಟ್ಟಿಸುತ್ತಾರೆ. ಸಿಗ್ನಲ್ ಸಿಕ್ಕರೆ ತುರ್ತಿಗೆ 112, ಅರಣ್ಯ ಇಲಾಖೆಯ ಸಹಾಯವಾಣಿ 1926. ಗಾಡಿ ಬಿಟ್ಟು ಕಾಡಲ್ಲಿ ನಡೆದು ಹೋಗಬೇಡಿ.

ಒಂದು ದಿನದ ಲೆಕ್ಕ

ಕಾರ್ಕಳದಿಂದ ಹೊರಡುವವರಿಗೆ ನನ್ನ ಲೆಕ್ಕ ಹೀಗೆ. ಏಳು ಗಂಟೆಗೆ ತಿಂಡಿ, ಬನ್ಸ್ ಒಂದು ಕಡಿಮೆಯೇ ತಿನ್ನಿ, ತಿರುವುಗಳಿವೆ. ಎಂಟಕ್ಕೆ ಮಾಳ. ಒಂಬತ್ತರ ಸುಮಾರಿಗೆ ಎಸ್.ಕೆ. ಬಾರ್ಡರ್, ಅಲ್ಲಿಂದ ಹನುಮನಗುಂಡಿ. ಮೆಟ್ಟಿಲು ಇಳಿದು ಹತ್ತಲು ಒಂದು ಗಂಟೆ. ಹನ್ನೆರಡಕ್ಕೆ ಕುದುರೆಮುಖ ದಾಟಿ, ಊಟಕ್ಕೆ ಕಳಸ. ವಾಪಸ್ ಅದೇ ದಾರಿಯಲ್ಲಿ ಇಳಿಯುವವರು ಮಧ್ಯಾಹ್ನ ಎರಡರೊಳಗೆ ಕಳಸ ಬಿಡಿ. ನಾಲ್ಕರ ಮೇಲೆ ಗುಡ್ಡದ ಕಡೆಯಿಂದ ಮಂಜು ಇಳಿಯಲು ಶುರುವಾದರೆ ಮಾಳದ ತಿರುವುಗಳಲ್ಲಿ ಬೇಗ ಕತ್ತಲಾಗುತ್ತದೆ. ಎರಡು ಗಂಟೆ ದಾಟಿಹೋಗಿದ್ದರೆ ಅವತ್ತು ಕಳಸದಲ್ಲೇ ಉಳಿದು, ಮರುದಿನ ಬೆಳಗ್ಗೆ ಎರಡನೇ ಗೇರಿನಲ್ಲಿ ನಿಧಾನಕ್ಕೆ ಇಳಿಯಿರಿ.